ಬೀದಿ ಗಣಪತಿ ಪೆಂಡಾಲ್‌ನಾಗೆ ಮೂಕಿ ಕಾಮಿಡಿ ಹಾಕಿದ್ರೆ ಜನ ಕೂರ್ತಾರಾ?

ಬೆಣ್ಣೆ_ಜಾಸ್ತಿ_ಹಾಕಿ

ನಮಸ್ಕಾರ್ರಿ ಎಲ್ಲರಿಗೂ. ನಾವು ದಾವಣಗೆರೆ, ಹಳೇ ಪೇಟೆ ಕಡೆಯೋರು. ನಮ್ಮ ಬೀದ್ಯಾಗೆ ವರ್ಷಾ ಗಣಪತಿ ಕೂರಿಸ್ತೀವಿ, ದೊಡ್ಡದೇನಲ್ಲ, ನಲವತ್ತು ಮನಿ ಸೇರಿ ಪಟ್ಟಿ ಎತ್ತಿ ಮಾಡೋದು, ಐದನೇ ದಿನಕ್ಕೆ ಕಳಿಸಿಬಿಡ್ತೀವಿ. ಹೋದ ವರ್ಷ ಮೂರನೇ ದಿನಕ್ಕೆ ಆರ್ಕೆಸ್ಟ್ರಾದವರನ್ನ ಕರ್ಸಿದ್ವಿ, ಅಡ್ವಾನ್ಸ್ ಪೂರ್ತಿ ತಗೊಂಡು ರಾತ್ರಿ ಒಂಬತ್ತೂವರೆಗೆ ಬಂದ್ರು, ವೈರು ಜೋಡಿಸಿ ಹಲೋ ಹಲೋ ಮೈಕ್ ಟೆಸ್ಟಿಂಗ್ ಅನ್ನೋದ್ರಾಗೆ ಹತ್ತಾತು, ಸೌಂಡ್ ಬಂದ್ ಮಾಡ್ರಿ ಅಂದ್ರು, ಎರಡೇ ಹಾಡಿಗೆ ಅಷ್ಟು ದುಡ್ಡು ಹೋತು. ಈ ಸಲ ಪಟ್ಟೀನೂ ಕಮ್ಮಿ ಬಂದೈತಿ.

ನಮ್ಮ ಅಕ್ಕನ ಮಗ ಟ್ಯೂಷನ್ ಮಾಡ್ತಾನೆ, ಅವನತ್ರ ಪ್ರೊಜೆಕ್ಟರ್ ಐತಿ, ಬಾಡಿಗಿ ಇಲ್ದಂಗೆ ಸಿಗ್ತತಿ. ಅದಕ್ಕೆ ನನ್ ತಲಿಗೆ ಬಂದಿದ್ದು ಏನಂದ್ರೆ ಚಾರ್ಲಿ ಚಾಪ್ಲಿನ್ ಕಾಲದ ಸಣ್ಣ ಸಣ್ಣ ಮೂಕಿ ಕಾಮಿಡಿ ಒಂದು ಮುಕ್ಕಾಲು ಗಂಟೆ ಹಾಕಿದ್ರೆ ಹೆಂಗೆ ಅಂತ. ನಮ್ಮ ಬೀದ್ಯಾಗೆ ಕನ್ನಡ, ಉರ್ದು, ಮರಾಠಿ, ಮಾರ್ವಾಡಿ ಎಲ್ಲಾ ಐತಿ, ಮಾತೇ ಇಲ್ದ ಸಿನಿಮಾಕ್ಕೆ ಯಾರ ತಕರಾರೂ ಇರಲ್ಲ ಅನ್ಕಂಡೆ. ಪುಷ್ಪಕ ವಿಮಾನದಾಗೂ ಒಂದು ಮಾತಿಲ್ಲ, ಅದು ಟೀವ್ಯಾಗೆ ಬಂದ್ರೆ ನಮ್ಮ ಮನ್ಯಾಗೆ ಇವತ್ತಿಗೂ ಯಾರೂ ಏಳಲ್ಲ.

ಆದ್ರೆ ಮೊನ್ನೆ ಮನ್ಯಾಗೆ ಟ್ರಯಲ್ ನೋಡಿದ್ರೆ ಕೆಟ್ಟೋತು. ಫೋನಿಂದ ಟೀವಿಗೆ ಹಾಕ್ದೆ, ಎಲ್ರೂ ಬೆಂಕಿ ಬಿದ್ದ ಇರುವಿ ಥರ ಓಡಾಡ್ತಾರೆ, ಹಿಂದೆ ಒಂದು ಪಿಯಾನೋ ಟಿಣ್ ಟಿಣ್ ಟಿಣ್ ಅಂತ ನಿಲ್ಲಂಗೇ ಇಲ್ಲ, ಐದು ನಿಮಿಷಕ್ಕೆ ಮಕ್ಳು ಎದ್ದು ಹೋಗಿ ರೀಲ್ಸ್ ನೋಡ್ತಾ ಕುಂತ್ವು. ನಮ್ಮವ್ವ ಒಬ್ರು ಮಾತ್ರ ಕೊನಿತನಕ ನೋಡಿದ್ರು, ಅದೂ ನಕ್ಕಿದ್ದು ಒಂದೇ ಕಡೆ, ಒಬ್ಬ ಏಣಿ ಹೆಗಲ ಮ್ಯಾಲೆ ಇಟ್ಕಂಡು ತಿರುಗ್ತಾನಲ್ಲ, ಅಲ್ಲಿ.

ಈಗ ಹೇಳ್ರಿ, ಯಾವ್ದು ಹಾಕ್ಬೇಕು, ಇಷ್ಟು ಸ್ಪೀಡಾಗಿ ಯಾಕೆ ಓಡ್ತತಿ, ಆ ಪಿಯಾನೋ ಏನ್ ಮಾಡೋದು, ನಡುವೆ ಬರೋ ಇಂಗ್ಲಿಷ್ ಬರಹ ಅಜ್ಜಿಗಳಿಗೆ ಹೆಂಗೆ ಓದ್ಸೋದು. ಎಲ್ಲಾ ಒಟ್ಟಿಗೆ ಕೇಳ್ತಿದೀನಿ, ಬೈಬ್ಯಾಡ್ರಿ.

ರೀಲು_ಬಿಡೋನು

ಹೆಸರು ನೋಡಿ ನಗ್ಬೇಡಿ, ಈ ವಿಷ್ಯದಲ್ಲಿ ರೀಲು ಬಿಡಲ್ಲ. ನಾನೂ ದಾವಣಗೆರೆಯವನೇ, ಈಗ ಬೆಂಗಳೂರಲ್ಲಿದೀನಿ, ಹದಿನೈದು ವರ್ಷದಿಂದ ಇದೇ ಹುಚ್ಚು.

ಮೊದ್ಲು ಸ್ಪೀಡ್ ವಿಷ್ಯ, ಯಾಕಂದ್ರೆ ನಿಮ್ಮ ಮಕ್ಳು ಎದ್ದು ಹೋಗಿದ್ದು ಅದಕ್ಕೇ ಅಂತ ನಂಗೆ ಗ್ಯಾರಂಟಿ. ಆಗಿನ ಕ್ಯಾಮೆರಾಕ್ಕೆ ಕೈ ಹಿಡಿಕೆ, ತಿರುಗಿಸ್ತಾ ಇರ್ಬೇಕು, ಕಬ್ಬಿನಹಾಲು ತೆಗೆಯೋ ಹಳೇ ಮಿಷಿನ್ ಥರ. ತಿರುಗಿಸೋನ ಕೈ ಹೆಂಗೋ ಹಂಗೆ ಸೆಕೆಂಡಿಗೆ 16, 18, 20 ಚಿತ್ರ ಬೀಳ್ತಿದ್ವು. ಆಮೇಲೆ ಮಾತಿನ ಸಿನಿಮಾ ಬಂತು, ಸದ್ದು ಕೆಡಬಾರದು ಅಂದ್ರೆ ಸ್ಪೀಡ್ ಒಂದೇ ಇರ್ಬೇಕಲ್ಲ, 24ಕ್ಕೆ ಕಟ್ಟಿಹಾಕಿದ್ರು. ಈಗ 16ರಲ್ಲಿ ತೆಗೆದಿದ್ದನ್ನ 24ರಲ್ಲಿ ಓಡ್ಸಿದ್ರೆ ಒಂದೂವರೆ ಪಟ್ಟು ಜೋರು. ಲೆಕ್ಕ ನೋಡಿ, 35 ಎಂಎಂ ಫಿಲ್ಮ್ ಒಂದು ಅಡಿಗೆ 16 ಚಿತ್ರ, ಒಂದು ರೀಲು ಅಂದ್ರೆ 1000 ಅಡಿ, ಒಟ್ಟು 16,000 ಚಿತ್ರ. ಸೆಕೆಂಡಿಗೆ 16ರಂತೆ ಬಿಟ್ರೆ 16 ನಿಮಿಷ 40 ಸೆಕೆಂಡು ಬರುತ್ತೆ, 24ರಂತೆ ಬಿಟ್ರೆ 11 ನಿಮಿಷಕ್ಕೆ ಖಾಲಿ. ಅದೇ ಸಿನಿಮಾ, ಐದೂವರೆ ನಿಮಿಷ ಮಾಯ. ಮಾಯ ಆಗಿದ್ದು ಏನು ಗೊತ್ತಾ, ಆ ನಟ ಬೀಳೋಕ್ಕೆ ಮುಂಚೆ ಒಂದು ಸಲ ನಮ್ ಕಡೆ ನೋಡ್ತಾನಲ್ಲ, ಆ ನೋಟ. ನಗು ಇರೋದೇ ಅಲ್ಲಿ.

ಆದ್ರೆ ಪೂರ್ತಿ ನಿಧಾನ ಮಾಡೋ ಹಾಗೂ ಇಲ್ಲ, ಕಾಮಿಡಿ ತೆಗೆಯೋರು ಬೇಕಂತ್ಲೇ ಸ್ವಲ್ಪ ನಿಧಾನಕ್ಕೆ ತಿರುಗಿಸ್ತಿದ್ರು, ತೋರ್ಸುವಾಗ ಚುರುಕಾಗಿ ಕಾಣ್ಲಿ ಅಂತ. ನಾನು ಮಾಡೋದು ಇಷ್ಟೇ, ಹಿಂದೆ ಸುಮ್ನೆ ರಸ್ತೇಲಿ ನಡ್ಕೊಂಡು ಹೋಗ್ತಿರೋ ಜನ ಕಾಣ್ತಾರಲ್ಲ, ಅವ್ರು ಮನುಷ್ಯರ ಥರ ನಡೀತಿದ್ರೆ ಸ್ಪೀಡ್ ಸರಿ, ಬಸ್ ತಪ್ಪಿದೋರ ಥರ ನಡೀತಿದ್ರೆ 0.75ಕ್ಕೆ ಇಳ್ಸಿ. ಅಥವಾ ಸರಿಯಾಗಿ ರಿಪೇರಿ ಮಾಡಿರೋ ಪ್ರಿಂಟೇ ಹುಡುಕಿ, ಮಂಜು ಮಂಜಾಗಿರೋದು ಹಾಕ್ಲೇಬೇಡಿ.

ಯಾವ್ದು ಹಾಕೋದು: ಕೀಸ್ಟೋನ್ ಪೊಲೀಸರದ್ದು ಬೇಡ. ಇತಿಹಾಸಕ್ಕೆ ದೊಡ್ಡದು ನಿಜ, 1912ರಲ್ಲಿ ಮ್ಯಾಕ್ ಸೆನೆಟ್ ಶುರು ಮಾಡಿದ ಕಂಪನಿ, ಇಡೀ ಅಮೆರಿಕದ ಕಾಮಿಡಿಗೆ ಅಡುಗೆಮನೆ ಇದ್ದಂಗೆ, ಆದ್ರೆ ಓಡು, ಬೀಳು, ಎದ್ದು ಓಡು, ಇನ್ನೊಬ್ಬನ ಮೇಲೆ ಬೀಳು, ಹತ್ತು ನಿಮಿಷಕ್ಕೆ ನಂಗೇ ತಲೆನೋವು ಬರುತ್ತೆ. ಚಾಪ್ಲಿನ್ ಶುರುವಾಗಿದ್ದೂ ಅಲ್ಲೇ, 1914ರಲ್ಲಿ, ವಾರಕ್ಕೆ 150 ಡಾಲರ್ ಸಂಬಳಕ್ಕೆ. ಎರಡೇ ವರ್ಷ, 1916ಕ್ಕೆ ಮ್ಯೂಚುವಲ್ ಕಂಪನಿಯೋರು ವಾರಕ್ಕೆ 10,000 ಡಾಲರ್ ಕೊಟ್ಟು ಕರ್ಕೊಂಡ್ರು, ಎರಡೆರಡು ರೀಲಿನ 12 ಸಿನಿಮಾ. ಆ ಹನ್ನೆರಡು ನೋಡಿ. ದುಡ್ಡಿಗಿಂತ ಅಲ್ಲಿ ಅವನಿಗೆ ಟೈಮ್ ಸಿಕ್ತು, ಒಂದು ತಮಾಷೆಯನ್ನ ಹಿಡ್ಕೊಂಡು ಪೂರ್ತಿ ರಸ ಹಿಂಡೋವರೆಗೂ ಬಿಡಲ್ಲ.

ಅದ್ರಲ್ಲಿ ದಿ ಪಾನ್‌ಶಾಪ್ (1916) ಅಂತ ಒಂದಿದೆ, ಗಿರವಿ ಅಂಗಡಿ. ಒಬ್ಬ ಬಡಪಾಯಿ ಅಲಾರಂ ಗಡಿಯಾರ ಅಡ ಇಡೋಕ್ಕೆ ತರ್ತಾನೆ. ಚಾರ್ಲಿ ಅದನ್ನ ಡಾಕ್ಟರ್ ಥರ ಸ್ಟೆತಸ್ಕೋಪ್ ಇಟ್ಟು ನೋಡ್ತಾನೆ, ಬೆರಳಲ್ಲಿ ತಟ್ತಾನೆ, ಆಮೇಲೆ ಡಬ್ಬಿ ತೆಗೆಯೋ ಕಟ್ಟರ್ ತಗೊಂಡು ಮುಚ್ಚಳ ಕೊಯ್ತಾನೆ, ಮೂಸಿ ನೋಡ್ತಾನೆ, ಹಳಸಿದ ಸಾರು ಮೂಸಿದಂಗೆ ಮುಖ ಮಾಡ್ತಾನೆ. ಒಂದೊಂದೇ ಸ್ಪ್ರಿಂಗು, ಹಲ್ಲು, ಸ್ಕ್ರೂ ಎಲ್ಲಾ ಟೇಬಲ್ ಮೇಲೆ. ಕೊನೆಗೆ ಎಲ್ಲಾನೂ ಬಾಚಿ ಆ ಮನುಷ್ಯನ ಟೋಪಿಗೆ ಹಾಕಿ, ಉಹುಂ, ಇದು ನಡೆಯಲ್ಲ ಅಂತ ತಲೆ ಆಡಿಸ್ತಾನೆ. ಮೊಬೈಲ್ ರಿಪೇರಿಗೆ ಕೊಟ್ಟು ಬಂದವರು ಯಾರಿಗೂ ಇದನ್ನ ಅರ್ಥ ಮಾಡ್ಸೋದು ಬೇಕಾಗಿಲ್ಲ. ಆ ಗಡಿಯಾರದ ಭಾಗ ಐದಾರು ನಿಮಿಷ ಅಷ್ಟೇ, ಅದೊಂದೇ ಕತ್ತರಿಸಿ ಮೊದ್ಲಿಗೆ ಹಾಕಿ, ಜನ ಬಂದು ಕೂರೋ ಹೊತ್ತಿಗೆ.

ಆಮೇಲೆ ಬಸ್ಟರ್ ಕೀಟನ್‌ದು ಒನ್ ವೀಕ್ (1920). ಹೊಸದಾಗಿ ಮದುವೆ ಆದೋರು, ಪೆಟ್ಟಿಗೇಲಿ ಬರೋ ಮನೆ, ನಂಬರ್ ಪ್ರಕಾರ ಜೋಡ್ಸಿದ್ರೆ ಆಯ್ತು. ಹುಡುಗಿ ಮೇಲೆ ಕಣ್ಣಿಟ್ಟಿದ್ದ ಇನ್ನೊಬ್ಬ ಬಂದು ಪೆಟ್ಟಿಗೆ ನಂಬರ್ ಬದಲಾಯಿಸಿಬಿಡ್ತಾನೆ, ಮನೆ ಸೊಟ್ಟಂಬಟ್ಟ ಎದ್ದು ನಿಲ್ಲುತ್ತೆ. ಗೃಹಪ್ರವೇಶದ ದಿನ ಬಿರುಗಾಳಿ, ಇಡೀ ಮನೆ ಬುಗುರಿ ಥರ ತಿರುಗೋಕ್ಕೆ ಶುರು. ಅದು ಗ್ರಾಫಿಕ್ಸ್ ಅಲ್ಲ, ನಿಜವಾದ ಮನೆ ಕಟ್ಟಿ ಕೆಳಗೆ ತಿರುಗೋ ಚಕ್ರ ಇಟ್ಟು ತಿರುಗಿಸಿದಾರೆ. ಕೊನೆ ಎರಡು ನಿಮಿಷ ನಾನು ಹೇಳಲ್ಲ, ನೀವು ಜನರ ಜೊತೆ ಕೂತು ನೋಡಿ.

ಮೂರನೇದು ಲಾರೆಲ್ ಹಾರ್ಡಿಯ ಬಿಗ್ ಬಿಸಿನೆಸ್ (1929). ಬಿಸಿಲು ಸುಡೋ ಕ್ಯಾಲಿಫೋರ್ನಿಯಾದಲ್ಲಿ ಮನೆ ಮನೆಗೆ ಹೋಗಿ ಕ್ರಿಸ್‌ಮಸ್ ಮರ ಮಾರ್ತಾರೆ. ಒಬ್ಬ ಬೇಡ ಅಂತಾನೆ, ಜಗಳ. ಇವ್ರು ಅವನ ಬಾಗಿಲ ಗಂಟೆ ಕೀಳ್ತಾರೆ, ಅವನು ಇವ್ರ ಕಾರಿನ ದೀಪ ಕೀಳ್ತಾನೆ, ಇವ್ರು ಕಿಟಕಿ, ಅವನು ಬಾಗಿಲು. ಯಾರಿಗೂ ಅವಸರ ಇಲ್ಲ, ಒಬ್ಬ ಒಡೀವಾಗ ಇನ್ನೊಬ್ಬ ಕೈ ಕಟ್ಕೊಂಡು ಮರ್ಯಾದೆಯಿಂದ ನಿಂತು ನೋಡ್ತಾನೆ, ತನ್ನ ಸರದಿ ಬರ್ಲಿ ಅಂತ. ಪೊಲೀಸ್ ಒಬ್ಬ ಕೂತು ಎಲ್ಲಾ ಬರ್ಕೋತಾ ಇರ್ತಾನೆ. ಕಾಂಪೌಂಡ್ ಜಗಳ ಇರೋ ಯಾವ ಬೀದಿಗೂ ಇದು ಹಿಡಿಸುತ್ತೆ.

ಚಳ್ಳಕೆರೆ_ಸೇಂಗಾ

ನಮ್ದು ಚಳ್ಳಕೆರೆ ಸೀಮೆ, ಅರವತ್ತು ದಾಟೈತೆ, ನೀವು ಹೇಳೋ ಸಿನಿಮಾ ಅರ್ಧಕ್ಕರ್ಧ ನೋಡಿಲ್ಲ ಕಣಪ್ಪ. ಆದ್ರೂ ಒಂದು ಮಾತು ಹೇಳ್ಬೇಕು ಅನ್ನಿಸ್ತು. ಈ ಬೀಳೋದು ಹೊಡ್ಸಿಕೊಳ್ಳೋದು ಎಲ್ಲಾ ಫಾರಿನ್ ಕಂಪನಿಯೋರು ಕಂಡುಹಿಡಿದಿದ್ದಲ್ಲ. ನಾವು ಸಣ್ಣೋರಿದ್ದಾಗ ಬರಗಾಲ ಬಂದ್ರೆ ಮಳೆ ಬರ್ಲಿ ಅಂತ ಊರೋರು ತೊಗಲುಗೊಂಬೆ ಆಡ್ಸೋರು, ರಾತ್ರಿ ಇಡೀ ರಾಮಾಯಣ. ನಿದ್ದೆ ತೂಗೋ ಹೊತ್ತಿಗೆ ಸರಿಯಾಗಿ ಪರದೆ ಮೇಲೆ ಕಿಳ್ಳೇಕ್ಯಾತ ಬರೋನು, ಡೊಳ್ಳು ಹೊಟ್ಟೆ, ಕೋಲು ಕೈ, ಹಿಂದೇನೇ ಬಂಗಾರಕ್ಕ. ಅವ್ಳು ಇವನಿಗೆ ಬಾರಿಸೋಳು, ಇವನು ಬೀಳೋನು, ಎದ್ದು ಮತ್ತೆ ಬಾಯಿ ಮಾಡೋನು, ಮತ್ತೆ ಏಟು. ಗೊಂಬೆ ಆಡ್ಸೋನು ಪರದೆ ಹಿಂದೆ ಹಲಗೆ ಮೇಲೆ ಕಾಲು ಕುಟ್ಟೋನು, ಫಟಾರ್ ಅಂತ ಸದ್ದು. ತೊಗಲು ತೊಗಲಿಗೆ ತಾಗಿದ್ರೆ ಏನ್ ಸದ್ದು ಬಂದೀತು ಹೇಳು, ನಗು ಬರ್ತಿದ್ದದ್ದು ಆ ಹಲಗೆಗೆ. ಮಲಗಿದ್ದ ಮಕ್ಳೆಲ್ಲಾ ಎದ್ದು ಕೂತ್ಕೊಳ್ಳೋವು, ಕಿಳ್ಳೇಕ್ಯಾತ ಹೋದ ಮೇಲೆ ಮತ್ತೆ ಮಲಗೋವು, ಪಾಪ ರಾಮ ಯಾವಾಗ ಲಂಕೆಗೆ ಹೋದ ಅಂತ ನಂಗೆ ಇವತ್ತಿಗೂ ಸರಿಯಾಗಿ ಗೊತ್ತಿಲ್ಲ.

ಅದಕ್ಕೆ ಹೇಳೋದು, ಸದ್ದು ಬೇಕೇ ಬೇಕು. ಬರೀ ಮೂಕಿ ಹಾಕಿ ಕೂರ್ಸಬ್ಯಾಡ. ನಿಮ್ಮ ಬೀದೀಲಿ ಭಜನೆ ಮಾಡೋರು ಇರ್ತಾರಲ್ಲ, ಅವರ ಹಾರ್ಮೋನಿಯಂ ತಬಲ ಪಕ್ಕದಲ್ಲೇ ಕೂರ್ಸು.

ರೀಲು_ಬಿಡೋನು

ಅಜ್ಜಾರೆ, ನೀವು ಕೈ ಇಟ್ಟಿದ್ದೇ ಆ ಪದದ ಬುಡಕ್ಕೆ. ಈ ಥರ ಕಾಮಿಡಿಗೆ ಸ್ಲಾಪ್‌ಸ್ಟಿಕ್ ಅಂತಾರಲ್ಲ, ಅದೊಂದು ಕೋಲಿನ ಹೆಸರು. ಇಟಲಿಯ ಹಳೇ ಬೀದಿ ನಾಟಕದೋರು ಎರಡು ತೆಳ್ಳನೆ ಹಲಗೆ ಸೇರ್ಸಿ ಕಟ್ಟಿದ ಕೋಲು ಇಟ್ಕೊತಿದ್ರು, ಹೊಡೆದ್ರೆ ಹಲಗೆ ಹಲಗೆಗೆ ಬಡಿದು ಫಟ್ ಅನ್ನೋದು, ಮೈಗೆ ಏಟು ಅಷ್ಟಾಗಿ ಬೀಳ್ತಿರ್ಲಿಲ್ಲ. ನಿಮ್ಮ ಗೊಂಬೆ ಆಡ್ಸೋನ ಹಲಗೆಯೂ ಅದೇ ಕೆಲ್ಸ ಮಾಡಿದ್ದು.

ಹಾರ್ಮೋನಿಯಂ ಐಡಿಯಾ ಸೂಪರ್. ಆಗಿನ ಕಾಲದಲ್ಲೂ ಸಿನಿಮಾ ಮೂಕಿ, ಥಿಯೇಟರ್ ಮೂಕಿ ಅಲ್ಲ. ಅಲ್ಲಿ ಪಿಯಾನೋ, ನಮ್ಮ ದೇಶದಲ್ಲಿ ಹಾರ್ಮೋನಿಯಂ ತಬಲ, ಜೊತೆಗೆ ಪರದೆ ಮೇಲಿನ ಬರಹ ಓದೋಕ್ಕೆ ಬಾರದೋರಿಗೆ ಜೋರಾಗಿ ಓದಿ ಹೇಳೋನೊಬ್ಬ. ಅಂದ್ರೆ ನಿಮ್ಮ ಇಂಗ್ಲಿಷ್ ಬರಹದ ಸಮಸ್ಯೆಗೂ ಉತ್ತರ ಇದೇ, ಒಬ್ಬನ್ನ ಮೈಕ್ ಹಿಡ್ಕೊಂಡು ನಿಲ್ಸಿ, ಕನ್ನಡದಲ್ಲಿ ಹೇಳ್ಲಿ. ಜಾಸ್ತಿ ಬಾಯಿ ಬಿಡೋನನ್ನ ಮಾತ್ರ ಬೇಡ, ಎಲ್ಲಾದಕ್ಕೂ ವಿವರಣೆ ಕೊಟ್ಟು ಕೆಡಿಸಿಬಿಡ್ತಾನೆ.

ಮೂಳೆ_ವಾರ್ಡು

ನಂದೊಂದು ತಕರಾರು ಇದೆ, ಯಾರೂ ಬೇಜಾರ್ ಮಾಡ್ಕೋಬೇಡಿ. ನಾನು ನರ್ಸು, ಮೂಳೆ ವಾರ್ಡಲ್ಲೇ ಎಂಟು ವರ್ಷ ಆಯ್ತು. ದಿನಾ ಬೆಳಿಗ್ಗೆ ನೋಡೋದೇ ಬಾತ್‌ರೂಮಲ್ಲಿ ಜಾರಿದೋರು, ಬೈಕಿಂದ ಬಿದ್ದೋರು, ಮಾವಿನ ಮರದಿಂದ ಬಿದ್ದ ಹುಡುಗ್ರು. ಬೀಳೋದು ನೋಡಿ ಜನ ಹೆಂಗೆ ನಗ್ತಾರೋ ನಂಗೆ ಅರ್ಥ ಆಗಲ್ಲ, ಪಕ್ಕದ ಮನೆ ಅಜ್ಜಿ ಮೆಟ್ಟಿಲಿಂದ ಜಾರಿದ್ರೆ ನಗ್ತೀವಾ? ಇದನ್ನ ಮಕ್ಕಳಿಗೆ ಬೇರೆ ತೋರಿಸ್ಬೇಕಾ? ನಾಳೆ ಅವೂ ಮನೆ ಮೇಲಿಂದ ಹಾರಿ ನೋಡ್ತಾವೆ.

ರೀಲು_ಬಿಡೋನು

ಅಕ್ಕಾ, ನೀವು ಹೇಳಿದ್ದು ಪೂರ್ತಿ ತಪ್ಪಲ್ಲ, ಅವ್ರು ಬಿದ್ದಿದ್ದೂ ನಿಜಾನೇ. ಕೀಟನ್ ಸಣ್ಣ ಮಗು ಇದ್ದಾಗ್ಲಿಂದ ಅಪ್ಪ ಅಮ್ಮನ ಜೊತೆ ಸ್ಟೇಜ್ ಮೇಲೆ, ಅಪ್ಪ ಅವನನ್ನ ಎತ್ತಿ ಎತ್ತಿ ಎಸಿಯೋನು, ಹಿಡಿಯೋಕ್ಕೆ ಸಲೀಸಾಗ್ಲಿ ಅಂತ ಬಟ್ಟೆಗೆ ಸೂಟ್‌ಕೇಸ್ ಹಿಡಿಕೆ ಹೊಲಿದಿದ್ರು. ಬೀಳೋದು ಹೆಂಗೆ ಅಂತ ಅಲ್ಲೇ ಕಲಿತಿದ್ದು. ಅಷ್ಟು ಕಲಿತೋನಿಗೂ 1924ರಲ್ಲಿ ಒಂದು ಶೂಟಿಂಗ್‌ನಲ್ಲಿ ರೈಲ್ವೆ ನೀರಿನ ಟ್ಯಾಂಕಿನ ನೀರು ಜೋರಾಗಿ ಮೇಲೆ ಬಿದ್ದು ಕತ್ತಿನ ಮೂಳೆ ಬಿರುಕು ಬಿಟ್ಟಿತ್ತು, ಅದು ಗೊತ್ತಾಗಿದ್ದು ಎಷ್ಟೋ ವರ್ಷ ಆದ್ಮೇಲೆ, ಯಾವ್ದಕ್ಕೋ ಎಕ್ಸ್‌ರೇ ತೆಗೆಸಿದಾಗ. ಗಡಿಯಾರದ ಮುಳ್ಳಿಗೆ ನೇತಾಡ್ತಾನಲ್ಲ ಕನ್ನಡಕದೋನು, ಹೆರಾಲ್ಡ್ ಲಾಯ್ಡ್, ಅವನಿಗೆ 1919ರಲ್ಲಿ ಆಟದ ಬಾಂಬು ಅನ್ಕೊಂಡಿದ್ದು ಕೈಯಲ್ಲೇ ಸಿಡಿದು ಬಲಗೈ ಹೆಬ್ಬೆರಳು ತೋರುಬೆರಳು ಎರಡೂ ಹೋದ್ವು. ಆ ಗಡಿಯಾರದ ಸೀನು 1923ರದ್ದು, ಅಂದ್ರೆ ಆ ಕೈಯಲ್ಲೇ, ಗ್ಲೌಸ್ ಹಾಕ್ಕೊಂಡು.

ಮೂಳೆ_ವಾರ್ಡು

ಇದನ್ನ ಕೇಳಿದ್ಮೇಲೆ ಇನ್ನೂ ನಗು ಬರಲ್ಲ ಬಿಡಿ.

ಚಳ್ಳಕೆರೆ_ಸೇಂಗಾ

ತಾಯಿ, ಯಾರು ಬೀಳ್ತಾರೆ ಅನ್ನೋದರ ಮೇಲೆ ಐತೆ ಅದು. ಕಂಪನಿ ನಾಟಕದೋರು ಇದರಲ್ಲಿ ಪಳಗಿದೋರು. ದಾವಣಗೆರೆ ದುಗ್ಗಮ್ಮನ ಜಾತ್ರೆ ಎರಡು ವರ್ಷಕ್ಕೊಂದು ಸಲ, ನಾವು ಲಾರೀಲಿ ಹೋಗಿ ರಾತ್ರಿ ನಾಟಕ ನೋಡ್ಕಂಡು ಬರ್ತಿದ್ವಿ. ಸಾಹುಕಾರ ಮುರಿದ ಕುರ್ಚಿ ಮೇಲೆ ಕೂತು ಬಿದ್ದ ಅಂದ್ರೆ ಟೆಂಟೇ ಹಾರಿಹೋಗೋ ಹಂಗೆ ನಗು. ಅದೇ ಕುರ್ಚಿ ಮೇಲೆ ಆಳುಮಗ ಬಿದ್ರೆ ಯಾರೂ ನಗಲ್ಲ, ಅವನು ಬಿದ್ದೋನೇ ತಾನೆ. ಆಳು ನಗಿಸ್ಬೇಕು ಅಂದ್ರೆ ಬಿದ್ದ ಮೇಲೆ ಏನೋ ಮಾಡ್ಬೇಕು, ಎದ್ದು ಕುರ್ಚಿಗೆ ನಮಸ್ಕಾರ ಮಾಡ್ಬೇಕು, ಇಲ್ಲಾ ಸಾಹುಕಾರರಿಗೆ ಕೂರಿ ಬುದ್ದಿ ಅಂತ ಅದನ್ನೇ ಒರೆಸಿ ಕೊಡ್ಬೇಕು. ನಿನ್ನ ವಾರ್ಡಿಗೆ ಬರೋರು ಬಡವರು, ಅದಕ್ಕೆ ನಿಂಗೆ ನಗು ಬರಲ್ಲ. ಸರಿಯಾಗೇ ಐತೆ ಅದು.

ಕೋಟೆ_ಮೆಟ್ಲು

ಚಿತ್ರದುರ್ಗದಿಂದ. ನಾನು ಹಾಸ್ಟೆಲ್ ಹುಡುಗ್ರಿಗೆ ಎರಡು ಸಲ ಹೊರಗಡೆ ಹಾಕಿದೀನಿ, ಹೆಂಗೆ ಹಾಳಾಗ್ತೈತೆ ಅಂತ ಹೇಳ್ತೀನಿ, ನೀವು ಉಳ್ಕಳ್ರಿ.

ಒಂದು, ಬೆಡ್‌ಶೀಟ್ ಕಟ್ಟಬ್ಯಾಡ್ರಿ, ಗಾಳಿಗೆ ಹೊಟ್ಟೆ ಬಿಡ್ತೈತೆ, ಎಲ್ಲರ ಮುಖಾನೂ ಒಳಕ್ಕೆ ಹೊರಕ್ಕೆ ಹೋಗಿ ಬಂದು ಮಾಡ್ತೈತೆ. ಸುಣ್ಣ ಹೊಡೆದ ಗೋಡೆ ಇದ್ರೆ ಅದೇ ಬೆಸ್ಟ್, ಇಲ್ಲಾಂದ್ರೆ ಫ್ಲೆಕ್ಸ್ ಬ್ಯಾನರ್‌ನ ಹಿಂಬದಿ ಬಿಳಿ ಇರ್ತೈತಲ್ಲ, ನಾಲ್ಕೂ ಕಡೆ ಬಿಗಿದು ಕಟ್ಟಿ. ನಮ್ಮಲ್ಲಿ ಒಬ್ಬ ಲೀಡರ್ ಹುಟ್ಟುಹಬ್ಬದ ಬ್ಯಾನರ್ ತಂದಿದ್ವಿ, ಬೆಳಕು ಹಿಂದಿಂದ ಬಿದ್ದಾಗ ಚಾಪ್ಲಿನ್ ಹಿಂದೆ ಅವರೂ ಕೈ ಮುಗಿದು ನಿಂತಂಗೆ ಕಾಣ್ತಿದ್ರು. ಹಿಂದೆ ಬೆಳಕು ಇರದಂಗೆ ನೋಡ್ಕಳ್ರಿ.

ಎರಡು, ಇದು ಎಲ್ರೂ ಮಾಡೋ ತಪ್ಪು, ಆಗಿನ ಚಿತ್ರ ಅಗಲ ಕಮ್ಮಿ, 4:3. ಪ್ರೊಜೆಕ್ಟರ್‌ನಲ್ಲಿ ಫುಲ್ ಸ್ಕ್ರೀನ್‌ಗೆ ಎಳೆದ್ರೆ ಎಲ್ರೂ ಅಡ್ಡಡ್ಡ ದಪ್ಪ ಆಗ್ತಾರೆ, ಲಾರೆಲ್ಲೂ ಹಾರ್ಡೀನೇ. ಪಕ್ಕದಲ್ಲಿ ಕಪ್ಪು ಬಿಟ್ರೂ ಪರವಾಗಿಲ್ಲ, ಎಳೀಬ್ಯಾಡ್ರಿ.

ಮೂರು, ಭಾದ್ರಪದದ ಮಳೆ ಹುಳ. ಬೆಳಕಿಗೆ ಬಂದು ಲೆನ್ಸ್ ಮುಂದೆ ಕೂತ್ರೆ ಪರದೆ ಮೇಲೆ ಎಮ್ಮೆ ಗಾತ್ರದ ಹುಳ ಓಡಾಡ್ತೈತೆ. ನಮ್ಮ ಹುಡುಗ್ರು ಚಾಪ್ಲಿನ್‌ಗಿಂತ ಅದಕ್ಕೇ ಜಾಸ್ತಿ ನಕ್ಕಿದ್ದು, ಹುಳ ಚಾಪ್ಲಿನ್ ಮೂಗಿನ ಮೇಲೆ ಬಂದಾಗ ಶಿಳ್ಳೆ. ಸ್ವಲ್ಪ ದೂರದಲ್ಲಿ ಇನ್ನೊಂದು ಜೋರು ಬಲ್ಬ್ ಹಾಕಿಡಿ, ಹುಳ ಅಲ್ಲಿಗೆ ಹೋಗ್ತಾವೆ.

ಮತ್ತೆ ಏನೇ ಹಾಕಿದ್ರೂ ಹಿಂದಿನ ದಿನ ಪೂರ್ತಿ ಕೂತು ನೋಡ್ರಿ. ಆ ಕಾಲದ ಕೆಲವದ್ರಲ್ಲಿ ಮುಖಕ್ಕೆ ಮಸಿ ಬಳ್ಕಂಡು ಕಪ್ಪು ಜನರನ್ನ ಗೇಲಿ ಮಾಡೋದು ಬರ್ತೈತೆ, ನಾನು ನೋಡ್ದೇ ಹಾಕಿ ಮಕ್ಕಳ ಮುಂದೆ ನಾಚಿಕೆ ಪಟ್ಟಿದೀನಿ.

ಬೆಣ್ಣೆ_ಜಾಸ್ತಿ_ಹಾಕಿ

ಅಬ್ಬಾ, ಇಷ್ಟೆಲ್ಲಾ ಬರೆದ್ರಲ್ಲ, ಥ್ಯಾಂಕ್ಸ್ ರೀ. ನಿನ್ನೆ ರಾತ್ರಿ ಕಮಿಟಿ ಮೀಟಿಂಗ್ ಆತು, ಮಂಡಕ್ಕಿ ಮಿರ್ಚಿ ತರ್ಸಿದ್ದಕ್ಕೆ ಎಲ್ರೂ ಬಂದಿದ್ರು. ನಾನು ಯಾರೋ ಹೇಳಿದ್ರು ಅಂತ ಒನ್ ಎ.ಎಂ. ಅನ್ನೋದು ತೋರ್ಸಿದೆ, ಚಾಪ್ಲಿನ್ ಕುಡಿದು ಮನಿಗೆ ಬಂದು ಮಂಚ ಹತ್ತಾಕಾಗದೆ ಒದ್ದಾಡ್ತಾನಲ್ಲ ಅದು. ನಮ್ಮ ಅಧ್ಯಕ್ಷರು ಗಣಪತಿ ಮುಂದೆ ಕುಡುಕನ ಸಿನಿಮಾ ಹಾಕ್ತೀರೇನ್ರೋ ಅಂದ್ರು. ಒಬ್ಬ ಮೆಲ್ಲಕೆ, ಕಳ್ಸೋ ದಿನ ಮೆರವಣಿಗ್ಯಾಗೆ ಫ್ರೀಯಾಗೇ ತೋರಿಸ್ತೀವಲ್ಲ ಅಂದ, ಅಲ್ಲಿಗೆ ಮೀಟಿಂಗ್ ಅರ್ಧ ತಾಸು ನಿಂತೋತು. ಅದು ಕ್ಯಾನ್ಸಲ್. ಗಡಿಯಾರದ ತುಣುಕು, ಒನ್ ವೀಕ್, ಬಿಗ್ ಬಿಸಿನೆಸ್, ಇಷ್ಟು ಫಿಕ್ಸ್.

ಒಂದು ಡೌಟು, ಇದಕ್ಕೆ ಕಾಪಿರೈಟ್ ಅಂತ ಯಾರಾದ್ರೂ ಬರ್ತಾರಾ?

ರೀಲು_ಬಿಡೋನು

ಇಲ್ಲ, ಭಾರತದಲ್ಲಿ ಸಿನಿಮಾದ ಕಾಪಿರೈಟ್ ಬಿಡುಗಡೆ ಆದ ಮುಂದಿನ ವರ್ಷದಿಂದ 60 ವರ್ಷ, ಇವೆಲ್ಲಾ ಎಂದೋ ಮುಗಿದಿದೆ. ಆದ್ರೆ ಈಗಿನ ಕಾಲದೋರು ಹೊಸದಾಗಿ ಸೇರ್ಸಿರೋ ಮ್ಯೂಸಿಕ್ ಅವರದ್ದು, ಅದಕ್ಕೆ ಸೌಂಡ್ ಪೂರ್ತಿ ಮ್ಯೂಟ್ ಮಾಡಿ ನಿಮ್ಮ ಭಜನೆ ಮಂಡಳಿಯನ್ನೇ ಕೂರ್ಸಿ. ತಬಲದವ್ರಿಗೆ ಒಂದು ಸಲ ಮೊದ್ಲೇ ತೋರ್ಸಿ, ಬೀಳೋ ಹೊತ್ತಿಗೆ ಏಟು ಕೊಡ್ಬೇಕಲ್ಲ. ಬಿದ್ದ ಮೇಲೆ ಕೊಟ್ರೆ ಸತ್ತೋಯ್ತು.

ಬೆಣ್ಣೆ_ಜಾಸ್ತಿ_ಹಾಕಿ

ಎಲ್ಲಾ ಮುಗೀತು, ಗಣಪತೀನೂ ಹೋದ, ಈಗ ಕುಂತು ಬರೀತಿದೀನಿ, ಕೇಳ್ದೋರಿಗೆ ಹೇಳ್ಬೇಕಲ್ಲ ಏನಾತು ಅಂತ.

ಏಳೂವರಿಗೆ ಶುರು ಅಂದಿದ್ವಿ, ಎಂಟಾತು. ಗೋಡಿ ಮ್ಯಾಲೇ ಹಾಕಿದ್ವಿ, ಪಕ್ಕದ ಮನಿಯೋರು ಹೋದ ತಿಂಗಳೇ ಸುಣ್ಣ ಹೊಡ್ಸಿದ್ರು. ಎದುರುಗಡಿ ಬೀದಿ ದೀಪ ಮಾತ್ರ ಆರ್ಸಾಕಾಗ್ಲಿಲ್ಲ, ಅದಕ್ಕೊಂದು ಗೋಣಿಚೀಲ ಕಟ್ಟಿದ್ವಿ. ಹುಳಕ್ಕೆ ದುರ್ಗದೋರು ಹೇಳಿದಂಗೆ ದೂರದಾಗೆ ಬಲ್ಬ್ ಹಾಕಿದ್ವಿ, ಮುಕ್ಕಾಲು ಪಾಲು ಅಲ್ಲಿಗೇ ಹೋದ್ವು.

ಗಡಿಯಾರದ ತುಣುಕಿಗೆ ನಕ್ಕಿದ್ದು ಗಂಡಸರು, ಅದೂ ಅಂಗಡಿ ಇಟ್ಟೋರು. ಮಕ್ಳು ಅಷ್ಟಾಗಿ ನಗ್ಲಿಲ್ಲ, ಅಲಾರಂ ಗಡಿಯಾರ ಅಂದ್ರೇನು ಅಂತ ನನ್ ಮಗಳೇ ಕೇಳಿದ್ಲು. ಬಿಗ್ ಬಿಸಿನೆಸ್‌ಗೆ ಮಾತ್ರ ಬಿದ್ದು ಬಿದ್ದು ನಕ್ಕರು, ಬಾಗಿಲು ಮುರಿದಾಗ ಹೆಂಗಸರ ಕಡಿಯಿಂದ ಯಾರೋ ಎರಡು ಮನಿ ಹೆಸರು ಹೇಳಿದ್ರು, ಆ ಎರಡು ಮನಿಯೋರೂ ಅಲ್ಲೇ ಕುಂತಿದ್ರು, ಅವ್ರೂ ನಕ್ಕರು ಅನ್ನೋದೇ ದೊಡ್ಡದು.

ಕೊನಿಗೆ ಒನ್ ವೀಕ್. ಅದ್ರಾಗೆ ದಿನಕ್ಕೊಂದು ಕ್ಯಾಲೆಂಡರ್ ಹಾಳಿ ಬರ್ತತಲ್ಲ, ಭಜನಿ ಮಾಸ್ತರು ಮೈಕ್‌ನಾಗೆ ಸೋಮವಾರ ಅಂದ್ರು, ಎರಡನೇದಕ್ಕೆ ಮಕ್ಕಳೇ ಮಂಗಳವಾರ ಅಂತ ಕೂಗಿದ್ವು, ಆಮ್ಯಾಲೆ ಮಾಸ್ತರು ಬಾಯಿ ತೆಗಿಯಾಕೆ ಜಾಗಾನೇ ಸಿಗ್ಲಿಲ್ಲ. ಮನಿ ಬುಗುರಿ ಥರ ತಿರುಗುವಾಗ ತಬಲದವನು ಕೈ ನಿಲ್ಲಿಸಿಬಿಟ್ಟ, ನಾನು ಕರೆಂಟ್ ಹೋತೇನೋ ಅನ್ಕಂಡು ತಿರುಗಿ ನೋಡಿದ್ರೆ ಬಾಯಿ ತೆಕ್ಕಂಡು ಗೋಡೀನೇ ನೋಡ್ತಾ ಕುಂತಾನೆ. ಎರಡು ಸಲ ಮೊದ್ಲೇ ತೋರ್ಸಿದ್ದೆ ಅವನಿಗೆ!

ಆ ಕೊನಿ ಎರಡು ನಿಮಿಷ. ಮನೀನ ಎಳ್ಕಂಡು ಹೋಗುವಾಗ ರೈಲ್ವೆ ಹಳಿ ಮ್ಯಾಲೆ ಸಿಕ್ಕಿಹಾಕ್ಕಂಡತಿ, ದೂರದಿಂದ ರೈಲು ಬರ್ತೈತಿ, ಗಂಡ ಹೆಂಡ್ತಿ ತಳ್ತಾರೆ ತಳ್ತಾರೆ ಆಗಲ್ಲ, ಕಣ್ಣು ಮುಚ್ಕಂಡ್ರು. ನಮ್ಮ ಬೀದ್ಯಾಗೂ ಅರ್ಧ ಜನ ಮುಚ್ಕಂಡ್ರು. ರೈಲು ಪಕ್ಕದ ಹಳಿ ಮ್ಯಾಲೆ ಹೋತು. ಎಲ್ರೂ ಅಬ್ಬಾ ಅಂದ್ರು, ಎರಡು ಮೂರು ಜನ ಚಾಪಿ ಮಡಚಾಕೂ ಶುರು ಮಾಡಿದ್ರು. ಅಷ್ಟರಾಗೆ ಹಿಂದಿಂದ ಒಬ್ಬ ಹುಡುಗ, ಆಟೋ ಓಡ್ಸೋನು, ಅಶೋಕ ಟಾಕೀಸ್ ಹತ್ರದ ಗೇಟಿನಾಗೆ ಕಾದು ಕಾದು ಬೆಳೆದೋನು, "ಕುಂದ್ರೋ, ಗೇಟ್ ಇನ್ನೂ ತೆಗೆದಿಲ್ಲ" ಅಂತ ಕೂಗಿದ. ಅಂದು ಬಾಯಿ ಮುಚ್ಚಿಲ್ಲ, ಆ ಕಡಿಯಿಂದ ಇನ್ನೊಂದು ರೈಲು ಬಂದು ಮನಿ ಪುಡಿಪುಡಿ ಮಾಡ್ತು ನೋಡ್ರಿ. ಆ ನಗು ನಾನು ಹೇಳಾಕಾಗಲ್ಲ, ಅವನು ಸಿನಿಮಾ ಮೊದ್ಲೇ ನೋಡಿದ್ದಾನೆ ಅಂತ ಎಲ್ರೂ ಬೈದ್ರು, ನೋಡಿರ್ಲಿಲ್ಲವಂತೆ.

ನಗದೇ ಇದ್ದೋರು ಇಬ್ರೇ. ನಮ್ಮವ್ವ, "ಪಾಪ, ಒಂದು ವಾರ ಕಟ್ಟಿದ್ದು" ಅಂದ್ರು, ಮೂಳೆ ವಾರ್ಡಿನ ಅಕ್ಕೋರೇ ನಿಮ್ ಕಡಿ ಒಂದು ಓಟು. ಇನ್ನೊಬ್ರು ಕೊನಿ ಮನಿ ಗಾರೆ ಮೇಸ್ತ್ರಿ, ಇಡೀ ಸಿನಿಮಾ ಕೈ ಕಟ್ಕಂಡು ನಿಂತೇ ನೋಡಿದ್ರು. ಹೆಂಗಿತ್ರಿ ಅಂತ ಕೇಳಿದ್ರೆ, "ಪಾಯ ಎಲ್ಲಿ ತೆಗೆದಿದ್ರು ಅವರು? ನಾನು ಮೊದ್ಲಿಂದ ಅದನ್ನೇ ನೋಡ್ತಿದೀನಿ" ಅಂದ್ರು.